ಓಡುವ ವೆಂಗೊಸ್: ನೂರು ಚಿತ್ರಗಳಲ್ಲಿ ಯಾವುದರಿಂದ ಶುರು ಮಾಡೋದು?

ರೀಲುಡಬ್ಬಿ
ಗ್ರೀಕ್ ನಿರ್ದೇಶಕ ಆಂಗೆಲೋಪುಲೊಸ್ ಅವರ ‘ಯುಲಿಸಿಸ್ ಗೇಜ್’ (1995) ನೋಡಿದವರಿಗೆ ಆ ಟ್ಯಾಕ್ಸಿ ಡ್ರೈವರ್ ನೆನಪಿರಬೇಕು. ಹಾರ್ವಿ ಕೈಟೆಲ್‌ನನ್ನು ಅಲ್ಬೇನಿಯಾ ಕಡೆ ಕರೆದೊಯ್ಯುವ ಬೋಳುತಲೆಯ ಮುದುಕ. ಅವನೇ ಥನಾಸಿಸ್ ವೆಂಗೊಸ್, ಗ್ರೀಸಿನ ಮನೆಮಾತಾದ ಹಾಸ್ಯನಟ, ಸ್ವಂತ ಕಂಪನಿ ಕಟ್ಟಿ ನಿರ್ದೇಶನಕ್ಕೂ ಇಳಿದವನು. ನನ್ನ ಪ್ರಶ್ನೆ ಮೂರು. ಒಂದು, ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಮೊದಲು ಯಾವುದು? ಎರಡು, ಅವನೇ ನಿರ್ದೇಶಿಸಿದವು ನೋಡುವಂತಿವೆಯಾ? ಮೂರು, ಸಬ್‌ಟೈಟಲ್ ಹಾಕಿದರೆ ಶುರುವಿನಲ್ಲಿ ಸರಿ ಇದ್ದು, ಆಮೇಲೆ ಮಾತು ಒಂದು ಕಡೆ ಅಕ್ಷರ ಒಂದು ಕಡೆ ಹೋಗ್ತವೆ. ಯಾಕೆ?

ತೆರೆಮರೆ
ವರ್ಷದ ಪ್ರಕಾರ ನೋಡಲು ಹೊರಟರೆ ಮೂರನೇ ದಿನಕ್ಕೇ ಕೈಬಿಡ್ತೀರಿ. ಮೊದಮೊದಲ ಚಿತ್ರಗಳಲ್ಲಿ ಅವರು ಎರಡು ನಿಮಿಷಕ್ಕೆ ಬಂದು ಹೋಗುತ್ತಾರೆ, ಕಣ್ಣು ಮಿಟುಕಿಸಿದರೆ ತಪ್ಪಿತು. ಅದರ ಬದಲು ಗುಡ್ಡೆ ಹಾಕಿಕೊಳ್ಳಿ.

ಮೊದಲ ಗುಡ್ಡೆ ನಿರ್ದೇಶಕ ನಿಕೊಸ್ ಕುಂದುರೊಸ್ ಅವರದು. ವೆಂಗೊಸ್ ಹುಟ್ಟಿದ್ದು 1927ರಲ್ಲಿ, ಪಿರೇಯಸ್ ಬಂದರಿನ ಪಕ್ಕದ ನೆಯೊ ಫಾಲಿರೊದಲ್ಲಿ. ಮನೆಯವರು ಎಡಪಂಥೀಯರು ಅನ್ನುವ ಕಾರಣಕ್ಕೆ ಸೈನ್ಯದ ಸೇವೆ ಮಕ್ರೊನಿಸೊಸ್ ದ್ವೀಪದ ಶಿಬಿರದಲ್ಲಿ ಕಳೆಯಿತು, 1948ರಿಂದ 1950. ಎಡಪಂಥದ ಹುಡುಗರನ್ನು ‘ತಿದ್ದಲು’ ಸೈನ್ಯ ಇಟ್ಟಿದ್ದ ಬರಡು ದ್ವೀಪ ಅದು. ಕುಂದುರೊಸ್ ಸಿಕ್ಕಿದ್ದು ಅಲ್ಲೇ. ಹೊರಗೆ ಬಂದ ಮೇಲೆ ಕುಂದುರೊಸ್ ತಮ್ಮ ಮೊದಲ ಚಿತ್ರ ‘ಮಾಗಿಕಿ ಪೊಲಿಸ್’ (1954) ಮಾಡಿದಾಗ ಇವರನ್ನು ಕರೆದರು. ಆಮೇಲೆ ‘ಓ ದ್ರಾಕೊಸ್’ (1956). ನಟನಾ ಶಾಲೆಯ ಮೆಟ್ಟಿಲು ಹತ್ತಿದವರಲ್ಲ ಇವರು. ಆ ದಿನಗಳಲ್ಲಿ ಸೆಟ್ಟಿಗೆ ಸಾಮಾನು ಹೊಂದಿಸುವ ಕೆಲಸವನ್ನೂ ಮಾಡುತ್ತಿದ್ದರು. ಇದನ್ನು ನೆನಪಿಟ್ಟುಕೊಳ್ಳಿ: ಮುಂದೆ ಅವರ ಹಾಸ್ಯವೆಲ್ಲ ಕುರ್ಚಿ, ಏಣಿ, ಬಾಗಿಲು, ಬಕೀಟುಗಳ ಮೇಲೇ ನಿಂತಿದೆ.

ಎರಡನೆಯದು 1959ರಿಂದ 1963ರವರೆಗೆ ಬೇರೆಯವರಿಗೆ ಮಾಡಿದ ಪಾತ್ರಗಳು. ಇದರಲ್ಲಿ ‘ಪ್ಸಿಲಾ ತಾ ಹೇರಿಯಾ ಹಿಟ್ಲರ್’ (1962) ಒಂದನ್ನು ನೋಡಿದರೆ ಸಾಕು. ರೊವಿರೊಸ್ ಮಂಥುಲಿಸ್ ನಿರ್ದೇಶನ, ಜೊತೆಗೆ ವಸಿಲಿಸ್ ದಿಯಾಮಂದೊಪುಲೊಸ್.

ಮೂರನೆಯದು ಸ್ವಂತ ಕಂಪನಿಯ ಕಾಲ, 1960ರ ದಶಕದ ನಡುವಿನಿಂದ ಮುಂದಕ್ಕೆ. ನಿಮ್ಮ ಎರಡನೇ ಪ್ರಶ್ನೆಯ ಉತ್ತರ ಇದರಲ್ಲಿದೆ. ನಾಲ್ಕನೆಯದು ದಿನೊಸ್ ಕತ್ಸುರಿದಿಸ್ ನಿರ್ದೇಶಿಸಿದವು. ಐದನೆಯದು ಇಳಿವಯಸ್ಸಿನವು: 1991, 1995, 1998, 2009.

ನಾನು ಹೇಳುವ ಕ್ರಮ: ಮೊದಲು ಕತ್ಸುರಿದಿಸ್ ಅವರ 1971ರ ಚಿತ್ರ ‘ತಿ ಎಕಾನೆಸ್ ಸ್ತೊನ್ ಪೊಲೆಮೊ, ಥನಾಸಿ’, ಆಮೇಲೆ 1969ರ ಬೋಳು ಪತ್ತೇದಾರ ‘ಥು-ವು’, ಆಮೇಲೆ 1962ಕ್ಕೆ ಹಿಂದೆ ಹೋಗಿ, ಕೊನೆಗೆ ವುಲ್ಗರಿಸ್ ಅವರ ‘ಓಲಾ ಇನೆ ದ್ರೊಮೊಸ್’ (1998).

ಅಡಿಬರಹ
ಮೂರನೇ ಪ್ರಶ್ನೆಗೆ. ಚಿತ್ರ ತೆಗೆದದ್ದು ಸೆಕೆಂಡಿಗೆ 24 ಫ್ರೇಮ್ ಲೆಕ್ಕದಲ್ಲಿ. ಗ್ರೀಸಿನ ಟಿವಿ ಮತ್ತು ಡಿವಿಡಿಗೆ ಹಾಕುವಾಗ ಅದನ್ನೇ 25ರಲ್ಲಿ ಓಡಿಸುತ್ತಾರೆ. 90 ನಿಮಿಷದ ಚಿತ್ರ 86 ನಿಮಿಷ 24 ಸೆಕೆಂಡಿಗೆ ಮುಗಿಯುತ್ತದೆ, ದನಿಯೂ ಚೂರು ಕೀರಲಾಗುತ್ತದೆ. ನಿಮ್ಮ ಸಬ್‌ಟೈಟಲ್ ಫೈಲು 23.976ರ (ಡಿಜಿಟಲ್ ಪ್ರತಿಗಳಲ್ಲಿ 24ರ ಬದಲು ಬಳಸುವ ಲೆಕ್ಕ) ಪ್ರತಿಗೆ ಮಾಡಿದ್ದು, ವಿಡಿಯೋ 25ರದ್ದು ಅಂದರೆ, ಒಂದು ಗಂಟೆಯ ಹೊತ್ತಿಗೆ ಅಕ್ಷರ ಎರಡೂವರೆ ನಿಮಿಷ ಹಿಂದೆ ಬಿದ್ದಿರುತ್ತದೆ.

ವಿಎಲ್‌ಸಿ ವಿಡಿಯೋ ಪ್ಲೇಯರಿನಲ್ಲಿ ಜಿ, ಎಚ್ ಕೀಲಿ ಒತ್ತಿ ಹಿಂದೆ ಮುಂದೆ ಮಾಡುವುದರಿಂದ ಪ್ರಯೋಜನ ಇಲ್ಲ. ಅದು ಎಲ್ಲವನ್ನೂ ಒಂದೇ ಅಳತೆಯಲ್ಲಿ ಸರಿಸುತ್ತದೆ. ನಿಮ್ಮ ತೊಂದರೆ ಹೊತ್ತು ಹೋದಂತೆ ಬೆಳೆಯುವಂಥದ್ದು. ಹೀಗೆ ಮಾಡಿ:

‘ಸಬ್‌ಟೈಟಲ್ ಎಡಿಟ್’ ಅನ್ನುವ ತಂತ್ರಾಂಶದಲ್ಲಿ ಫೈಲು ತೆರೆದು, ಸಿಂಕ್ರೊನೈಸೇಶನ್ ಮೆನುವಿನಲ್ಲಿ ಫ್ರೇಮ್ ರೇಟ್ ಬದಲಿಸುವ ಕಡೆ ಹೋಗಿ, 23.976ರಿಂದ 25 ಕೊಡಿ. ಎಲ್ಲ ಸಮಯಗಳೂ 0.959ರಿಂದ ಗುಣಿಸಿಕೊಳ್ಳುತ್ತವೆ. ಆಮೇಲೆ ಮೊದಲ ಮಾತು ಮತ್ತು ಕೊನೆಯ ಮಾತು ಎರಡನ್ನೂ ತಾಳೆ ನೋಡಿ. ಎರಡೂ ಕಡೆ ಒಂದೇ ಅಂತರ ಉಳಿದಿದ್ದರೆ ಆಗ ಜಿ, ಎಚ್ ಬಳಸಿ. ಮೊದಲು ವೇಗ, ಆಮೇಲೆ ಅಂತರ. ತಿರುಗುಮುರುಗು ಮಾಡಿದರೆ ಅಂತರವೂ ಗುಣಾಕಾರಕ್ಕೆ ಸಿಕ್ಕಿ ಕೆಡುತ್ತದೆ. ಚಿತ್ರದ ನಡುವೆ ಒಂದೇ ಸಲಕ್ಕೆ ಹಾರಿದರೆ ಅದು ವೇಗದ ಸಮಸ್ಯೆ ಅಲ್ಲ, ಪ್ರತಿಯಲ್ಲೇ ಒಂದು ತುಂಡು ಕತ್ತರಿಸಿ ಹೋಗಿದೆ. ಅಲ್ಲಿಂದ ಮುಂದಿನ ಸಾಲುಗಳನ್ನು ಮಾತ್ರ ಆರಿಸಿ ಸರಿಸಿ.

ಇನ್ನೊಂದು: ಗ್ರೀಕ್ ಸಬ್‌ಟೈಟಲ್ ಹಾಕಿದಾಗ ಕೊಂಬು, ಬಾಲ ಹೊತ್ತ ರೋಮನ್ ಅಕ್ಷರಗಳ ಸಂತೆ ಕಂಡರೆ ಫೈಲು ಹಾಳಾಗಿದೆ ಅಂತ ಎಸೆಯಬೇಡಿ. ಅದು ವಿಂಡೋಸ್ 1253 ಸಂಕೇತದಲ್ಲಿದೆ ಅಷ್ಟೇ. ವಿಎಲ್‌ಸಿಯ ಸಬ್‌ಟೈಟಲ್ ಆದ್ಯತೆಗಳಲ್ಲಿ ಗ್ರೀಕ್ ಆರಿಸಿ ಮತ್ತೆ ತೆರೆಯಿರಿ. ಯುಟಿಎಫ್ 8ರಲ್ಲಿ ಉಳಿಸಿಟ್ಟರೆ ಮುಂದೆ ಈ ರಗಳೆ ಇಲ್ಲ.

ವಿಭಕ್ತಿ
ಹುಡುಕುವಾಗಲೇ ಅರ್ಧ ಜನ ಸೋಲ್ತಾರೆ. ಹೆಸರಿನಲ್ಲಿ ‘ಗ್ಗ’ ಇದ್ದ ಹಾಗೆ ಬರೆದು ‘ಂಗ’ ಅಂತ ಓದುವ ರೂಢಿ ಗ್ರೀಕಿನಲ್ಲಿದೆ. ಹಾಗಾಗಿ ರೋಮನ್ ಲಿಪಿಯಲ್ಲಿ ಕೆಲವರು ಎನ್-ಜಿ ಹಾಕ್ತಾರೆ, ಕೆಲವರು ಜಿ-ಜಿ. ಎರಡೂ ಹಾಕಿ ನೋಡಿ. ಥನಾಸಿಸ್‌ಗೆ ಒಂದು ಎಸ್ಸೂ ಇರುತ್ತೆ, ಎರಡು ಎಸ್ಸೂ ಇರುತ್ತೆ.

ಅದಕ್ಕಿಂತ ದೊಡ್ಡ ಗುಂಡಿ ಕೊನೆಯ ‘ಸ್’. ಅದು ಪ್ರಥಮಾ ವಿಭಕ್ತಿಯಲ್ಲಿ ಮಾತ್ರ ಇರೋದು. ಕರೆಯುವಾಗ ‘ಥನಾಸಿ’. ನಮ್ಮಲ್ಲಿ ರಾಮ ಹೋಗಿ ರಾಮಾ ಆಗುತ್ತಲ್ಲ, ಅವರಲ್ಲಿ ಬಾಲ ಉದುರುತ್ತೆ. ಕೆಲವು ಚಿತ್ರಗಳ ಹೆಸರಲ್ಲಿ ಅವನನ್ನು ಕರೆಯೋದೇ: ‘ತಿ ಎಕಾನೆಸ್ ಸ್ತೊನ್ ಪೊಲೆಮೊ, ಥನಾಸಿ’, ಅಂದರೆ ‘ಯುದ್ಧದಲ್ಲಿ ಏನಪ್ಪಾ ಮಾಡಿದೆ, ಥನಾಸಿ’. ಪೂರ್ತಿ ಹೆಸರು ಹಾಕಿ ಹುಡುಕಿದರೆ ಈ ಚಿತ್ರಗಳು ಕೆಳಗೆಲ್ಲೋ ಬಿದ್ದಿರ್ತವೆ. ‘ಥನಾಸಿ’ ಅಂತ ಮಾತ್ರ ಹಾಕಿ.

ದ್ವಿತೀಯೆಯಲ್ಲೂ ಸ್ ಇಲ್ಲ. ಕೆಲಸದ ಗಡಿಬಿಡಿಯಲ್ಲಿರುವ ಗ್ರೀಕರು ಇವತ್ತಿಗೂ ‘ತ್ರೆಹೊ ಸಾನ್ ತೊನ್ ವೆಂಗೊ’ ಅಂತಾರೆ, ‘ವೆಂಗೊಸ್ ಥರ ಓಡ್ತಾ ಇದ್ದೀನಿ’ ಅಂತ. ಸಿನಿಮಾ ನೋಡದ ಹುಡುಗರೂ ಅಂತಾರೆ.

ಅವನ ಹೆಸರಾಂತ ಮಾತು ‘ಕಲೇ ಮು ಆಂಥ್ರೊಪೆ’ ಕೂಡ ಸಂಬೋಧನೆಯೇ. ಸಬ್‌ಟೈಟಲ್‌ಗಳಲ್ಲಿ ‘ಒಳ್ಳೆಯ ಮನುಷ್ಯನೇ’ ಅನ್ನೋ ಅರ್ಥದ ಇಂಗ್ಲಿಷು ಕಾಣುತ್ತೆ, ಅದರಲ್ಲಿ ಜೀವ ಇಲ್ಲ. ಕನ್ನಡದಲ್ಲಿ ಸರಿಯಾದ ಮಾತೇ ಇದೆ: ‘ಪುಣ್ಯಾತ್ಮಾ!’ ಪ್ರೀತಿ, ರೇಗು, ಗೋಳು ಮೂರಕ್ಕೂ ಅದೇ ಸಾಕು, ಅವನೂ ಮೂರಕ್ಕೂ ಬಳಸ್ತಾನೆ.

ಧಾರವಾಡದ ಬೆಳ್ಳಿತೆರೆ
ತೆರೆಮರೆ ಅವರ ಪಟ್ಟಿ ಛಲೋ ಅದ, ಆದ್ರ ಅವನ ನಿರ್ದೇಶನದ ಬಗ್ಗೆ ಜಾರಿಕೊಂಡ್ರಿ. ನೇರ ಹೇಳ್ತೀನಿ ನೋಡ್ರಿ. ‘ವೊಯಿಥಿಯಾ! ಓ ವೆಂಗೊಸ್ ಫನೆರೊಸ್ ಪ್ರಾಕ್ತೊರ್ 000’ (1967), ‘ಥು-ವು, ಫಲಕ್ರೊಸ್ ಪ್ರಾಕ್ತೊರ್’ (1969), ‘ಎನಾಸ್ ವೆಂಗೊಸ್ ಯಾ ಒಲೆಸ್ ತಿಸ್ ದುಲ್ಯೆಸ್’ (1970), ಇವು ಮೂರೂ ಅವನ ನಿರ್ದೇಶನ. ಮೂರರಾಗೂ ಮೊದಲ ಅರ್ಧ ತಾಸು ಹೊಟ್ಟಿ ಹುಣ್ಣಾಗೂ ಹಂಗ ನಗಸ್ತಾವ. ಆಮ್ಯಾಲೆ ಕಥಿ ಎಲ್ಲಿ ಹೋತು ಅಂತ ಹುಡುಕಬೇಕು. ಒಂದು ಗಮ್ಮತ್ತು ಮುಗಿಯೂದರಾಗ ಇನ್ನೊಂದು, ಅದರ ಬೆನ್ನಿಗೆ ಮತ್ತೊಂದು. ಕ್ಯಾಮೆರಾ ಮುಂದ ಇರಾಂವ ಅವನ, ಸಾಕು ಅನ್ನಾಂವನೂ ಅವನ ಆಗಬೇಕು. ಅದು ಆಗಿಲ್ಲ.

ಕತ್ಸುರಿದಿಸ್ ಮೂಲತಃ ಛಾಯಾಗ್ರಾಹಕ, ಸಂಕಲನಕಾರ. ಅವನ ಕೈಯಾಗ ಅದ ವೆಂಗೊಸ್ ಬ್ಯಾರೇನ ಕಾಣಸ್ತಾನ. ಓಡ್ತಾನ, ಗಕ್ಕನ ನಿಲ್ಲಸ್ತಾರ, ಮುಖ ತೋರಿಸ್ತಾರ. ಆ ಮುಖದಾಗ ಹಸಿವಿ ಇರ್ತದ.

ತೆರೆಮರೆ
ಸರ್, ಅರ್ಧ ಒಪ್ಪಿದೆ. ಆದರೆ 1967, 1969ರ ಚಿತ್ರಗಳನ್ನು ಕಥೆಯ ಅಳತೆಗೋಲಿನಲ್ಲಿ ಅಳೆಯೋದು ಸರಿಯಲ್ಲ. ಅವು ಬಾಂಡ್ ಚಿತ್ರಗಳ ಅಣಕ. 1967ರದ್ದರಲ್ಲಿ 007 ಹೋಗಿ 000 ಆಗಿದ್ದೇ ಮೊದಲ ನಗೆ. ‘ಫನೆರೊಸ್’ ಅಂದರೆ ‘ಬಹಿರಂಗ’, ಅಂದರೆ ಗುಪ್ತಚರ ಅಲ್ಲ, ಎಲ್ಲರಿಗೂ ಕಾಣುವ ‘ಬಹಿರಂಗಚರ’. 1969ರದ್ದರ ‘ಫಲಕ್ರೊಸ್’ ಅಂದರೆ ಬೋಳ. ವೇಷ ಮರೆಸುವುದೇ ಕಸುಬಾದವನಿಗೆ ಊರಿಗೆಲ್ಲ ಗೊತ್ತಿರುವ ತಲೆ. ‘ಥು-ವು’ ಅನ್ನೋದು ಅವನ ಹೆಸರಿನ ಮೊದಲಕ್ಷರಗಳ ಮಾಮೂಲಿ ಉಚ್ಚಾರ, ಕಂಪನಿಯ ಹೆಸರಲ್ಲೂ ಅದೇ ಇತ್ತು.

ವಿಭಕ್ತಿ
1969ರ ಚಿತ್ರದ ಉಪಶೀರ್ಷಿಕೆ ‘ಎಪಿಹೀರಿಸಿಸ್ ಯಿಸ್ ಮಾದಿಯಾಮ್’ ಸಬ್‌ಟೈಟಲಿನಲ್ಲಿ ‘ಮಿದ್ಯಾನ್ ದೇಶದ ಕಾರ್ಯಾಚರಣೆ’ ಅಂತ ಬಂದು ಕೂತಿರುತ್ತೆ, ಯಾರಿಗೂ ನಗು ಬರಲ್ಲ. ಬೈಬಲ್ಲಿನಲ್ಲಿ ಮಿದ್ಯಾನ್ ನಾಡನ್ನು ಸುಟ್ಟು ಸೂರೆ ಮಾಡುವ ಕಥೆ ಇದೆ. ಅದರಿಂದ ಗ್ರೀಕಿನಲ್ಲಿ ಏನನ್ನಾದರೂ ಧೂಳೀಪಟ ಮಾಡಿದರೆ ‘ಯಿಸ್ ಮಾದಿಯಾಮ್’ ಮಾಡಿದ ಅಂತಾರೆ. ನಮ್ಮಲ್ಲಾದರೆ ‘ಆಪರೇಷನ್ ಲಂಕಾದಹನ’.

ಇನ್ನೊಂದು ಸೂಕ್ಷ್ಮ. ‘ಪ್ರಾಕ್ತೊರ್’, ‘ಎಪಿಹೀರಿಸಿಸ್’ ಆಡುಮಾತಿನ ರೂಪಗಳಲ್ಲ. ಆಡುಮಾತಲ್ಲಿ ‘ಪ್ರಾಕ್ತೊರಾಸ್’, ‘ಎಪಿಹೀರಿಸಿ’. ಇವು ಸರ್ಕಾರಿ ಕಡತದ ಗ್ರಾಂಥಿಕ ಭಾಷೆ, ‘ಕಥರೆವುಸಾ’. 1976ರವರೆಗೆ ಆಡಳಿತಕ್ಕೆ ಅದೇ ಭಾಷೆ, ಕರ್ನಲ್‌ಗಳ ಸರ್ವಾಧಿಕಾರಕ್ಕಂತೂ ಬಹಳ ಇಷ್ಟ. ‘ಬೋಳು ಪತ್ತೇದಾರ’ ಅನ್ನೋದರ ಬದಲು ‘ಕೇಶಹೀನ ಗೂಢಚಾರ’ ಅಂದ ಹಾಗೆ. ಪೋಸ್ಟರ್ ನೋಡಿಯೇ ಜನ ನಗ್ತಿದ್ದರೆ ಆಶ್ಚರ್ಯ ಇಲ್ಲ.

ಕಡಲತೀರ
ಲಂಕಾದಹನ ಹೊಂದುದಿಲ್ಲ ಮಾರಾಯ್ರೆ. ಹನುಮಂತ ಬೇಕಂತಲೇ ಸುಟ್ಟದ್ದು. ಇವ ಒಳ್ಳೆದು ಮಾಡ್ಲಿಕ್ಕೆ ಹೋಗಿ ಎಲ್ಲ ಹಾಳು ಮಾಡುದು.

ವಿಭಕ್ತಿ
ಅದೂ ಸರಿಯೇ. ಆದರೆ ಪುರಾಣದ ಊರು ಬೇಕಲ್ಲ, ಬೇರೆ ಸಿಕ್ಕಿದರೆ ಹೇಳಿ, ಬದಲಾಯಿಸೋಣ.

ಹಳೇ ಪ್ರೊಜೆಕ್ಟರ್
ಓಟದ ಬಗ್ಗೆ ಒಂದು ಮಾತು. ‘ಕ್ಯಾಮೆರಾ ನಿಧಾನ ತಿರುಗಿಸಿ ವೇಗ ತೋರಿಸಿದ್ದಾರೆ’ ಅಂತ ಎಲ್ಲರೂ ಸುಲಭವಾಗಿ ಹೇಳಿಬಿಡುತ್ತಾರೆ. ಶಾಟ್ ಶಾಟ್ ನೋಡಿ ತೀರ್ಮಾನಿಸಬೇಕು. ಸೆಕೆಂಡಿಗೆ 18 ಫ್ರೇಮ್ ತೆಗೆದು 24ರಲ್ಲಿ ಓಡಿಸಿದರೆ ಮೂರನೇ ಒಂದು ಪಾಲು ವೇಗ ಹೆಚ್ಚುತ್ತದೆ. 20ಕ್ಕೆ ತೆಗೆದರೆ ಐದನೇ ಒಂದು ಪಾಲು. 22ಕ್ಕೆ ತೆಗೆದರೆ ಬರಿಗಣ್ಣಿಗೆ ಗೊತ್ತಾಗುವುದೇ ಕಷ್ಟ.

ಪತ್ತೆ ಮಾಡಲು ಓಡುವವನನ್ನು ನೋಡಬೇಡಿ, ಬೀಳುವ ವಸ್ತುವನ್ನು ನೋಡಿ. ಮೇಜಿನ ಮೇಲಿಂದ ತಟ್ಟೆ ಬಿತ್ತು ಅನ್ನಿ, ಎತ್ತರ ಸುಮಾರು 75 ಸೆಂಟಿಮೀಟರ್. ನೆಲ ಮುಟ್ಟಲು 0.39 ಸೆಕೆಂಡ್ ಬೇಕು. 24ರಲ್ಲಿ ತೆಗೆದಿದ್ದರೆ ಅದು 9 ಅಥವಾ 10 ಫ್ರೇಮ್ ತುಂಬುತ್ತದೆ, 18ರಲ್ಲಿ ತೆಗೆದಿದ್ದರೆ 7. ವಿಎಲ್‌ಸಿಯಲ್ಲಿ ಇ ಕೀಲಿ ಒತ್ತುತ್ತಾ ಒಂದೊಂದೇ ಫ್ರೇಮ್ ಎಣಿಸಿ. ಪ್ರತಿ 25ರಲ್ಲಿ ಓಡುತ್ತಿದ್ದರೂ ಎಣಿಕೆ ಬದಲಾಗುವುದಿಲ್ಲ, ಫ್ರೇಮುಗಳು ಅವೇ. ಟೋಪಿ, ಕಾಗದ ಲೆಕ್ಕಕ್ಕಿಲ್ಲ, ಗಾಳಿ ತಡೆಯುತ್ತದೆ. ಹಳೇ ಟಿವಿ ಪ್ರತಿಗಳಲ್ಲಿ ಎರಡು ಫ್ರೇಮ್ ಬೆರೆತು ದೆವ್ವದ ನೆರಳಿನಂತೆ ಕಂಡರೆ ಎಣಿಕೆ ನಂಬಬೇಡಿ. ಬೀಳುವ ವಸ್ತು ಇಲ್ಲದಿದ್ದರೆ ಹಿಂದೆ ನಡೆದು ಹೋಗುವ ದಾರಿಹೋಕರ ಹೆಜ್ಜೆ, ಗಾಡಿಯ ಹೊಗೆ, ಕೋಟಿನ ಅಂಚು.

ಹೀಗೆ ನೋಡಿದಾಗ ಮೆಚ್ಚಬೇಕಾದ್ದು ಇನ್ನೊಂದು ಕಾಣುತ್ತದೆ. ಬೇರೆ ಹಾಸ್ಯನಟರು ಓಡಿ ಬಂದು ಗುರುತು ಹಾಕಿದ ಜಾಗದಲ್ಲಿ ನಿಂತು ಮಾತಾಡುತ್ತಾರೆ. ವೆಂಗೊಸ್ ಮಾತಾಡುತ್ತಲೇ ಚೌಕಟ್ಟಿನಿಂದ ಆಚೆ ಹೋಗಿ, ಮಾತು ಮುಗಿಯುವ ಮೊದಲೇ ಇನ್ನೊಂದು ಬದಿಯಿಂದ ಬರುತ್ತಾರೆ.

ಧಾರವಾಡದ ಬೆಳ್ಳಿತೆರೆ
ಕಂಪನಿ ಯಾಕ ಮುಳುಗಿತು ಅನ್ನೂದಕ್ಕೂ ಇದ ಕಾರಣ ಅಲ್ಲೇನ್ರಿ? ಇಂಥ ಶಾಟ್ ಒಂದು ಸಲಕ್ಕ ಸಿಗೂದಿಲ್ಲ.

ಹಳೇ ಪ್ರೊಜೆಕ್ಟರ್
ಅದು ಒಂದು ಕಾರಣ. ಲೆಕ್ಕ ಹಾಕಿ ನೋಡಿ. 35 ಎಂಎಂ ಫಿಲ್ಮ್ ನಿಮಿಷಕ್ಕೆ ಸುಮಾರು 27.4 ಮೀಟರ್ ತಿನ್ನುತ್ತದೆ. 90 ನಿಮಿಷದ ಚಿತ್ರದ ಉದ್ದ ಸುಮಾರು 2,470 ಮೀಟರ್. ನಾಲ್ಕು ಪಟ್ಟು ಚಿತ್ರೀಕರಿಸಿದರೆ ಹತ್ತು ಸಾವಿರ ಮೀಟರಿನ ಒಳಗೆ ಮುಗಿಯಿತು. ಹತ್ತು ಪಟ್ಟು ಅಂದರೆ ಇಪ್ಪತ್ತನಾಲ್ಕು ಸಾವಿರ ದಾಟಿತು. ಏಣಿ ಜಾರಿ ಬಣ್ಣದ ಡಬ್ಬಿ ಮಗುಚುವಂಥ ಅರ್ಧ ನಿಮಿಷದ ಒಂದು ಶಾಟನ್ನು 12 ಸಲ ತೆಗೆದರೆ 164 ಮೀಟರ್ ಕಚ್ಚಾ ಫಿಲ್ಮ್ ಹೋಯಿತು. ಮೇಲಾಗಿ ಪ್ರತಿ ಸಲವೂ ನೆಲ ಒರೆಸಿ, ಬಟ್ಟೆ ಬದಲಿಸಿ, ಡಬ್ಬಿ ತುಂಬಬೇಕು. ಅಷ್ಟು ಹೊತ್ತು ತಂತ್ರಜ್ಞರ ಕೂಲಿ ನಿಲ್ಲುವುದಿಲ್ಲ.

ಎರಡನೇ ಕಾರಣ ಗಲ್ಲಾಪೆಟ್ಟಿಗೆಯಿಂದ ಹಣ ಬರುವ ದಾರಿ. ಟಿಕೆಟ್ ಹಣದಲ್ಲಿ ತೆರಿಗೆ, ಚಿತ್ರಮಂದಿರದ ಪಾಲು, ಹಂಚಿಕೆದಾರನ ಪಾಲು ಕಳೆದು ಉಳಿದದ್ದು ನಿರ್ಮಾಪಕನಿಗೆ, ಅದೂ ತಡವಾಗಿ. ಫಿನೊಸ್ ಫಿಲ್ಮ್‌ನಂಥ ದೊಡ್ಡ ಸಂಸ್ಥೆಗೆ ಸ್ಟುಡಿಯೋ, ಲ್ಯಾಬು, ವರ್ಷಕ್ಕೆ ಹಲವು ಚಿತ್ರ ಇದ್ದವು. ಒಂದು ಸೋತರೆ ಇನ್ನೊಂದು ಎತ್ತುತ್ತಿತ್ತು. ನಟನೇ ನಿರ್ಮಾಪಕನಾದಾಗ ಆ ಆಸರೆ ಇಲ್ಲ. ಈ ಚಿತ್ರ ಗೆದ್ದ ಹಣ ಕೈಗೆ ಸಿಗುವ ಮೊದಲೇ ಮುಂದಿನದರ ಸೆಟ್ಟು ಏಳಬೇಕು, ನಡುವೆ ಸಾಲಪತ್ರ. ಜನ ತುಂಬಿ ನೋಡುತ್ತಿದ್ದಾಗಲೇ ವೆಂಗೊಸ್ ಸಾಲದಲ್ಲಿ ಮುಳುಗಿದ್ದು ಹೀಗೆ. ಕಂಪನಿ ಮುಚ್ಚಿತು, ಅದರ ಸಾಲ ತೀರಿಸಲು ಬೇರೆಯವರ ಚಿತ್ರಗಳಲ್ಲಿ ದುಡಿಯಬೇಕಾಯಿತು. ಆಮೇಲೆ ಟಿವಿ ಬಂದು ಇಡೀ ಉದ್ಯಮವೇ ಕುಸಿಯಿತು ಅನ್ನೋದು ಬೇರೆ ಮಾತು.

ತೆರೆಮರೆ
1963ರ ಅವರ ಒಂದು ಚಿತ್ರದ ಹೆಸರು ಒಂದು ಗ್ರೀಕ್ ಗಾದೆ, ‘ಪೊಲಿತೆಹ್ನಿತಿಸ್ ಕೆ ಎರಿಮೊಸ್ಪಿತಿಸ್’. ಹತ್ತಾರು ಕಸುಬು ಬಲ್ಲವನ ಮನೆ ಬರಿದು ಅನ್ನೋ ಅರ್ಥ. ಕಂಪನಿ ಶುರು ಮಾಡುವ ಮೊದಲೇ ಯಾರೋ ಎಚ್ಚರಿಸಿದ ಹಾಗಿದೆ!

ರೀಲುಡಬ್ಬಿ
1971ರ ಚಿತ್ರದ ಬಗ್ಗೆ ಸ್ವಲ್ಪ ಹೇಳ್ತೀರಾ? ಕಥೆ ಪೂರ್ತಿ ಬೇಡ.

ತೆರೆಮರೆ
ಜರ್ಮನ್ನರು ಹಿಡಿದಿದ್ದ ಅಥೆನ್ಸ್. 1941-42ರ ಚಳಿಗಾಲದಲ್ಲಿ ಜನ ಬೀದಿಯಲ್ಲಿ ಹಸಿವಿನಿಂದ ಸತ್ತ ಊರು. ಥನಾಸಿಸ್ ಒಬ್ಬ ಸಾಮಾನ್ಯ ಕೂಲಿಯವನು, ವೀರನೂ ಅಲ್ಲ ದ್ರೋಹಿಯೂ ಅಲ್ಲ. ಯಾವುದಕ್ಕೋ ಸಿಕ್ಕಿಬಿದ್ದು ಜೈಲು ಸೇರುತ್ತಾನೆ, ಪ್ರತಿರೋಧ ಚಳವಳಿಯವನೆಂದು ತಪ್ಪು ತಿಳಿದು ಹಿಂಸಿಸುತ್ತಾರೆ. ಚಿತ್ರ ಬಂದಾಗ ಗ್ರೀಸಿನಲ್ಲಿ ಕರ್ನಲ್‌ಗಳ ಆಡಳಿತ, 1967ರಿಂದ 1974. ಹೊರಗೆ ನಿಜವಾದ ಜೈಲುಗಳಲ್ಲಿ ಅದೇ ನಡೆಯುತ್ತಿತ್ತು. ತೆರೆಯ ಮೇಲೆ ಜರ್ಮನ್ ಸಮವಸ್ತ್ರ ಇದ್ದದ್ದರಿಂದ ಸೆನ್ಸಾರಿಗೆ ತಕರಾರು ತೆಗೆಯುವುದು ಕಷ್ಟ, ನೋಡುವವರಿಗೆ ಅರ್ಥ ಮಾಡಿಕೊಳ್ಳುವುದು ಸುಲಭ. ಆ ವರ್ಷದ ಥೆಸಲೊನಿಕಿ ಚಿತ್ರೋತ್ಸವದಲ್ಲಿ ವೆಂಗೊಸ್‌ಗೆ ನಟನೆಯ ಪ್ರಶಸ್ತಿ ಬಂತು. ನೋಡುವಾಗ ಒಂದು ಗಮನಿಸಿ: ಹಾಸ್ಯ ನಿಲ್ಲುವ ಜಾಗ. ಇಲ್ಲಿಂದ ಮುಂದೆ ನಗಬೇಡಿ ಅಂತ ಸಂಗೀತ ಹೇಳಿಕೊಡುವುದಿಲ್ಲ, ದೇಹದ ವೇಗ ಮಾತ್ರ ಇಳಿಯುತ್ತದೆ.

ಇದಕ್ಕೂ 1962ರ ‘ಪ್ಸಿಲಾ ತಾ ಹೇರಿಯಾ ಹಿಟ್ಲರ್’ಗೂ ಬಹಳ ಜನ ಗೊಂದಲ ಮಾಡಿಕೊಳ್ಳುತ್ತಾರೆ. ಎರಡೂ ಅದೇ ಕಾಲದ ಕಥೆ, ಎರಡೂ ಕಪ್ಪುಬಿಳುಪು. 1962ರದ್ದರಲ್ಲಿ ಇಬ್ಬರು ಗೆಳೆಯರ ಜೋಡಿ.

ಕಡಲತೀರ
ಆ ಟ್ಯಾಕ್ಸಿ ಸೀನಿಗೇ ವಾಪಸ್ ಬರುವ. ಅದನ್ನು ಮೊದಲು ನೋಡಿದವರಿಗೆ ಅರ್ಧ ಮಾತ್ರ ಸಿಗುದು. ಗ್ರೀಕರು 40 ವರ್ಷ ಈ ಮನುಷ್ಯ ಓಡುದನ್ನು ನೋಡಿದ್ದಾರೆ. ಆಂಗೆಲೋಪುಲೊಸ್ ಅವನನ್ನು ಹಿಮದ ರಸ್ತೆಯಲ್ಲಿ ನಿಲ್ಲಿಸಿಬಿಟ್ಟರು. ಗಾಡಿಯಿಂದ ಇಳಿದು, ಗ್ರೀಸ್ ಸಾಯ್ತಾ ಉಂಟು ಅಂತಾನೆ. ಮತ್ತೆ ಆಚೆ ಬಿಳಿ ಬಯಲಿಗೆ ತಿರುಗಿ ಪ್ರಕೃತಿಯ ಹತ್ರ ಮಾತಾಡ್ತಾನೆ, ನೀನೂ ಒಂಟಿಯಾ ನಾನೂ ಒಂಟಿ ಅನ್ನುವ ಹಾಗೆ, ಒಂದು ಬಿಸ್ಕಿಟ್ ಹಿಮಕ್ಕೆ ಎಸೀತಾನೆ. ಹಳೇ ಚಿತ್ರದಲ್ಲಾದ್ರೆ ಆ ಬಿಸ್ಕಿಟಿನ ಹಿಂದೆ ಇವನೂ ಬೀಳ್ತಿದ್ದ. ಇಲ್ಲಿ ಕೈ ಮಾತ್ರ ಆಡ್ತದೆ.

ತೆರೆಮರೆ
ಹೌದು. ಅದಕ್ಕೆ ದಾರಿ ಮಾಡಿಕೊಟ್ಟವರು ಪಂದೆಲಿಸ್ ವುಲ್ಗರಿಸ್, ‘ಇಸಿಹೆಸ್ ಮೆರೆಸ್ ತು ಅವ್ಗುಸ್ತು’ (1991). ಆಗಸ್ಟಿನಲ್ಲಿ ಊರೆಲ್ಲ ರಜೆಗೆ ಹೋಗಿ ಅಥೆನ್ಸ್ ಬರಿದಾದಾಗ ಉಳಿದ ಒಂಟಿ ಜೀವಗಳ ಕಥೆ. 1998ರ ಮೂರು ಕಥೆಗಳ ಚಿತ್ರದಲ್ಲಿ ಎವ್ರೊಸ್ ನದಿಯ ಮುಖಜಭೂಮಿಯಲ್ಲಿ ಅಳಿವಿನಂಚಿನ ಬಾತುಕೋಳಿ ಜಾತಿಯ ಹಕ್ಕಿ ಕಾಯುವ ಪಾಲಕ. ಕೊನೆಯದಾಗಿ ಅಂತರ್ಯುದ್ಧದ ಕಥೆ ‘ಪ್ಸಿಹಿ ವಥಿಯಾ’ (2009), ಅದೂ ವುಲ್ಗರಿಸ್‌ದೇ. 2011ರ ಮೇ 3ರಂದು ತೀರಿಕೊಂಡರು.

ರೀಲುಡಬ್ಬಿ
ಸಬ್‌ಟೈಟಲ್ 23.976ರಿಂದ 25ಕ್ಕೆ ಮಾಡಿದ ಮೇಲೆ ಕೊನೆಯವರೆಗೂ ಕೂತಿತು. ಮೊದಲಿಂದ ಕೊನೆವರೆಗೂ 1.2 ಸೆಕೆಂಡ್ ಮಾತ್ರ ತಡ.

ಅಡಿಬರಹ
ಅದಕ್ಕೀಗ ಜಿ ಒತ್ತಿ. ಒಂದು ಸಲಕ್ಕೆ 50 ಮಿಲಿಸೆಕೆಂಡ್, 24 ಸಲ. ಅಷ್ಟು ಒತ್ತುವ ಬದಲು ಫೈಲಿನಲ್ಲೇ ಸರಿಸಿ ಉಳಿಸಿಟ್ಟರೆ ಮುಂದಿನವರಿಗೂ ಆಯ್ತು.